ಬೆಳ್ಳಿತೆರೆಯ ರಣನೀತಿಯೂ ಶಾಸನಗಳ ಸಾಕ್ಷ್ಯವೂ

ಬೆಂಗಳೂರಿನ ಪಶ್ಚಿಮ ಭಾಗದ ರಾಜಾಜಿನಗರದಲ್ಲಿ ಒಂದು ಪ್ರಮುಖ ವೃತ್ತಕ್ಕೆ ನವರಂಗ್ ಚಿತ್ರಮಂದಿರದ ಹೆಸರು ನಿಂತಿದೆ. ಆ ಬಡಾವಣೆಯನ್ನು ಹಾದುಹೋಗುವ ಮುಖ್ಯರಸ್ತೆಗೆ ಡಾ. ರಾಜ್‌ಕುಮಾರ್ ಅವರ ಹೆಸರಿದೆ. ಚಲನಚಿತ್ರವು ಜನಜೀವನದಲ್ಲಿ ಎಷ್ಟು ಆಳವಾಗಿ ಬೇರೂರಿದೆ ಎಂಬುದಕ್ಕೆ ಇವೆರಡೂ ಸಾಕ್ಷಿ. ಮಯೂರವರ್ಮ, ಇಮ್ಮಡಿ ಪುಲಕೇಶಿ, ಕೃಷ್ಣದೇವರಾಯ, ರಣಧೀರ ಕಂಠೀರವ ಮುಂತಾದ ಅರಸರ ಮುಖ ಹೇಗಿತ್ತೆಂದು ಇಂದಿನ ಕನ್ನಡಿಗರನ್ನು ಕೇಳಿದರೆ ಬಹುಮಂದಿಯ ಮನಸ್ಸಿನಲ್ಲಿ ಮೂಡುವುದು ರಾಜ್‌ಕುಮಾರ್ ಅವರ ಮುಖವೇ. ಇತಿಹಾಸವನ್ನು ಪುಸ್ತಕದಿಂದ ಓದಿದವರಿಗಿಂತ ತೆರೆಯ ಮೇಲೆ ಕಂಡವರು ಅಧಿಕ. ಆದುದರಿಂದ ಯುದ್ಧವೆಂದರೇನು, ಜಯವು ಹೇಗೆ ಲಭಿಸುತ್ತದೆ, ಅದರ ಬೆಲೆ ಏನು ಎಂಬ ವಿಷಯಗಳಲ್ಲಿ ಈ ಚಿತ್ರಗಳು ಏನನ್ನು ಕಲಿಸುತ್ತವೆ, ಏನನ್ನು ಮರೆಸುತ್ತವೆ ಎಂಬ ವಿಚಾರವು ಅಪ್ರಸ್ತುತವಲ್ಲ.

ಯುದ್ಧಶಾಸ್ತ್ರದ ಮೊದಲ ಪಾಠವು ನೆಲದ ಪಾಠ. ಸಂಖ್ಯೆಯಲ್ಲಿ ಕಿರಿದಾದ ಪಡೆಯು ಹಿರಿದಾದ ಪಡೆಯನ್ನು ತಡೆಯಬೇಕಾದರೆ ಶತ್ರುವಿನ ಸಂಖ್ಯಾಬಲವು ನಿರರ್ಥಕವಾಗುವ ಸ್ಥಳವನ್ನು ಆರಿಸಿಕೊಳ್ಳಬೇಕು. 1972ರಲ್ಲಿ ತೆರೆಕಂಡ, ಪುಟ್ಟಣ್ಣ ಕಣಗಾಲ್ ಅವರ ನಿರ್ದೇಶನದ ‘ನಾಗರಹಾವು’ ಯುದ್ಧಚಿತ್ರವಲ್ಲ. ಆದರೂ ಅದರಲ್ಲಿ ಜಯಂತಿ ಅವರು ಒನಕೆ ಓಬವ್ವನಾಗಿ ಕಾಣಿಸಿಕೊಳ್ಳುವ ಕೆಲವೇ ನಿಮಿಷಗಳ ಗೀತದೃಶ್ಯವು ಈ ತತ್ತ್ವವನ್ನು ಮಗುವಿಗೂ ತಿಳಿಯುವಂತೆ ತೋರಿಸುತ್ತದೆ. ಚಿತ್ರದುರ್ಗದ ಕೋಟೆಯ ಕಿಂಡಿಯಲ್ಲಿ ಒಮ್ಮೆಗೆ ಒಬ್ಬನೇ ನುಸುಳಬಲ್ಲ. ಹೈದರಾಲಿಯ ಸೇನೆಯು ಎಷ್ಟೇ ದೊಡ್ಡದಿರಲಿ, ಆ ಕಿಂಡಿಯ ಬಾಯಲ್ಲಿ ಅದು ಒಬ್ಬನ ಸೇನೆ. ಒನಕೆಯಂತಹ ಮನೆಬಳಕೆಯ ವಸ್ತುವೂ ಅಲ್ಲಿ ಆಯುಧವಾಗುತ್ತದೆ. ಪ್ರಾಚೀನ ಗ್ರೀಸಿನಲ್ಲಿ ಕ್ರಿ.ಪೂ. 480ರಲ್ಲಿ ಥರ್ಮಾಪಿಲೇ ಕಣಿವೆಯ ದಾರಿಯಲ್ಲಿ ಸ್ಪಾರ್ಟಾದ ಲಿಯೋನಿಡಾಸನೂ ಅವನ ಮಿತ್ರಪಡೆಗಳೂ ಪಾರಸಿಕರ ಮಹಾಸೇನೆಯನ್ನು ತಡೆದು ನಿಲ್ಲಿಸಿದುದಕ್ಕೂ ಇದೇ ತತ್ತ್ವವೇ ಆಧಾರ.

ಆದರೆ ಚಿತ್ರದ ದೃಶ್ಯವು ಮುಗಿಯುವಲ್ಲಿ ಇತಿಹಾಸವು ಮುಗಿಯುವುದಿಲ್ಲ. ಥರ್ಮಾಪಿಲೇಯಲ್ಲಿ ಬೆಟ್ಟದ ಕಾಲುದಾರಿಯನ್ನು ಶತ್ರುವಿಗೆ ತೋರಿಸಿದವನೊಬ್ಬನಿದ್ದನು. ಚಿತ್ರದುರ್ಗವೂ ಅನೇಕ ಮುತ್ತಿಗೆಗಳನ್ನು ತಾಳಿಕೊಂಡು ಕಡೆಗೆ 1779ರಲ್ಲಿ ಹೈದರಾಲಿಯ ವಶವಾಯಿತು. ಒಂದು ಕಿಂಡಿಯನ್ನು ಒಂದು ಹೊತ್ತು ಕಾಯಬಹುದು; ರಾಜ್ಯವನ್ನು ಕಾಯಲು ಕಿಂಡಿಯೊಂದೇ ಸಾಲದು. ವೀರರ ಸಾಹಸವು ಹಿರಿದಾದುದೇ. ಆದರೆ ಸಾಹಸವೇ ರಣನೀತಿಯಲ್ಲ.

ಎರಡನೆಯ ಪಾಠವು ಕಾಲದ ಆಯ್ಕೆ. ದೇವುಡು ನರಸಿಂಹಶಾಸ್ತ್ರಿಗಳ ಕಾದಂಬರಿಯನ್ನು ಆಧರಿಸಿ 1975ರಲ್ಲಿ ವಿಜಯ್ ಅವರ ನಿರ್ದೇಶನದಲ್ಲಿ ಬಂದ ‘ಮಯೂರ’ ಚಿತ್ರವು ಕದಂಬರ ಮೂಲಪುರುಷನ ಕಥೆಯನ್ನು ಮನೆಮಾತಾಗಿಸಿತು. ತೆರೆಯ ಮಯೂರನು ತನ್ನ ರಾಜವಂಶವನ್ನು ಅರಿತು ಕತ್ತಿ ಹಿಡಿಯುವ ಕುಮಾರ. ಶಿವಮೊಗ್ಗ ಜಿಲ್ಲೆಯ ತಾಳಗುಂದದ ಸ್ತಂಭಶಾಸನದಲ್ಲಿ ಕವಿ ಕುಬ್ಜನು ವರ್ಣಿಸುವ ಮಯೂರಶರ್ಮನಾದರೋ ವೇದಾಧ್ಯಯನಕ್ಕೆಂದು ಕಾಂಚಿಯ ಘಟಿಕಾಸ್ಥಾನಕ್ಕೆ ಹೋದ ಬ್ರಾಹ್ಮಣ ವಿದ್ಯಾರ್ಥಿ. ಅಲ್ಲಿ ಪಲ್ಲವರ ಅಶ್ವಾರೋಹಿಯೊಬ್ಬನೊಡನೆ ಉಂಟಾದ ಕಲಹದಿಂದ ನೊಂದು ಶಸ್ತ್ರ ಹಿಡಿದವನು. ರಣನೀತಿಯ ದೃಷ್ಟಿಯಿಂದ ಶಾಸನವು ಚಿತ್ರಕ್ಕಿಂತಲೂ ಸ್ವಾರಸ್ಯಕರವಾಗಿದೆ. ಆತನು ಕಾಂಚಿಯ ಮೇಲೆ ನೇರವಾಗಿ ಏರಿಹೋಗಲಿಲ್ಲ. ಮೊದಲು ಗಡಿಯ ಅಂತಪಾಲರನ್ನು ಸೋಲಿಸಿದನು. ಬಳಿಕ ಶ್ರೀಪರ್ವತದವರೆಗಿನ ದುರ್ಗಮವಾದ ಅರಣ್ಯದಲ್ಲಿ ನೆಲೆನಿಂತನು. ಬೃಹದ್ಬಾಣರೇ ಮೊದಲಾದವರಿಂದ ಕಪ್ಪ ಪಡೆದು ಬೊಕ್ಕಸವನ್ನು ತುಂಬಿಕೊಂಡನು. ಪಲ್ಲವಸೇನೆಯು ದಂಡೆತ್ತಿ ಬಂದಾಗ ಬಯಲಿನಲ್ಲಿ ಎದುರಿಸದೆ, ಅದು ಸಾಗುವ ದಾರಿಯಲ್ಲಿಯೂ ರಾತ್ರಿಯ ವೇಳೆಯಲ್ಲಿಯೂ ಎರಗಿ ಕಂಗೆಡಿಸಿದನು. ನೆಲೆ, ಆದಾಯ, ಕಾಲ ಈ ಮೂರನ್ನೂ ತನ್ನದಾಗಿಸಿಕೊಂಡ ಬಳಿಕವೇ ಆತನು ಪ್ರಬಲನಾದುದು.

ಈ ಕಥೆಯ ಮುಕ್ತಾಯವು ಇನ್ನೂ ಮಹತ್ತ್ವದ್ದು. ಪಲ್ಲವರು ಆತನನ್ನು ನಾಶಗೊಳಿಸುವ ಯತ್ನವನ್ನು ಬಿಟ್ಟು ಸ್ನೇಹವನ್ನೇ ಆರಿಸಿಕೊಂಡರು. ಆತನಿಗೆ ಪಶ್ಚಿಮ ಸಮುದ್ರದಿಂದ ತೊಡಗಿದ ಪ್ರದೇಶದ ಒಡೆತನವನ್ನು ಮಾನ್ಯಮಾಡಿದರು. ಎರಡು ಕುಲಗಳ ವೈರವು ಒಪ್ಪಂದದಲ್ಲಿ ಕೊನೆಗೊಂಡಿತು. ಚಿತ್ರಗಳು ಬಹುಮಟ್ಟಿಗೆ ಕತ್ತಿಯ ಕೊನೆಯ ಏಟಿನಲ್ಲಿ ಮುಗಿಯಬಯಸುತ್ತವೆ. ಬುದ್ಧಿವಂತರ ಯುದ್ಧಗಳು ಲೇಖನಿಯಿಂದ ಮುಗಿಯುತ್ತವೆ.

ಮೂರನೆಯ ಪಾಠವು ಬಲದ ಮಿತಿಯನ್ನು ಅರಿಯುವುದು. 1967ರಲ್ಲಿ ಎನ್.ಸಿ. ರಾಜನ್ ಅವರ ನಿರ್ದೇಶನದಲ್ಲಿ ‘ಇಮ್ಮಡಿ ಪುಲಕೇಶಿ’ ಚಿತ್ರವು ತೆರೆಕಂಡಿತು. ಆ ಚಕ್ರವರ್ತಿಯ ದಂಡಯಾತ್ರೆಗಳ ಬಗೆಗೆ ನಮಗಿರುವ ಮುಖ್ಯ ಆಧಾರವು ಐಹೊಳೆಯ ಮೇಗುಟಿ ಜಿನಾಲಯದ ಗೋಡೆಯ ಮೇಲಿದೆ. ಕ್ರಿ.ಶ. 634ರಲ್ಲಿ ಆ ಜಿನಾಲಯವನ್ನು ಕಟ್ಟಿಸಿದ ಜೈನಕವಿ ರವಿಕೀರ್ತಿಯೇ ಆ ಸಂಸ್ಕೃತ ಪ್ರಶಸ್ತಿಯ ಕರ್ತೃ. ಜಿನಮಂದಿರದ ಗೋಡೆಯು ಒಂದು ಸಾಮ್ರಾಜ್ಯದ ಸೈನಿಕ ಇತಿಹಾಸವನ್ನು ಕಾಪಾಡಿಕೊಂಡು ಬಂದಿದೆ ಎಂಬುದು ಸ್ಮರಣೀಯ.

ಆ ಶಾಸನವನ್ನು ರಣನೀತಿಯ ಕಣ್ಣಿನಿಂದ ಓದಿದರೆ ಹಲವು ವಿಷಯಗಳು ಹೊಳೆಯುತ್ತವೆ. ಮಂಗಲೇಶನ ಪತನದ ಬಳಿಕ ನಾಡು ಗೊಂದಲದಲ್ಲಿದ್ದಾಗ ಆಪ್ಪಾಯಿಕ ಮತ್ತು ಗೋವಿಂದರೆಂಬ ಇಬ್ಬರು ಭೀಮಾನದಿಯ ಕಡೆಯಿಂದ ಏರಿಬಂದರು. ಪುಲಕೇಶಿಯು ಒಬ್ಬನಿಗೆ ಭಯದ ರುಚಿಯನ್ನು ತೋರಿಸಿದನು, ಇನ್ನೊಬ್ಬನನ್ನು ಉಪಕಾರಿ ಮಿತ್ರನನ್ನಾಗಿ ಮಾಡಿಕೊಂಡನು. ಒಂದುಗೂಡಿದ ವೈರವನ್ನು ಹೋಳುಮಾಡಿದನು. ವರದಾ ನದಿಯಿಂದ ಸುತ್ತುವರಿದ ಬನವಾಸಿಯನ್ನು ನೆಲದ ಸೇನೆಯಿಂದ ಮುತ್ತಿದನು; ಪಶ್ಚಿಮ ಸಮುದ್ರದ ಪುರಿಯನ್ನು ನೂರಾರು ನಾವೆಗಳಿಂದ ಮುತ್ತಿದನು. ಒಂದೇ ಉಪಾಯವನ್ನು ಎಲ್ಲೆಡೆಯೂ ಬಳಸಲಿಲ್ಲ. ಉತ್ತರಾಪಥದ ಹರ್ಷವರ್ಧನನನ್ನು ತಡೆದಾಗ ನರ್ಮದೆಯೇ ಆತನ ಗಡಿಯಾಯಿತು. ಚೀನಾದ ಯಾತ್ರಿಕ ಹ್ಯೂಯೆನ್‌ತ್ಸಾಂಗನೂ ಹರ್ಷನು ಈ ನಾಡನ್ನು ಗೆಲ್ಲಲಾರದೆ ಹೋದುದನ್ನು ದಾಖಲಿಸಿದ್ದಾನೆ.

ರವಿಕೀರ್ತಿಯು ಬರೆದುದು ವಿಜಯದ ಮಧ್ಯಾಹ್ನದಲ್ಲಿ. ಆಮೇಲೆ ಕೆಲವೇ ವರ್ಷಗಳಲ್ಲಿ, ಕ್ರಿ.ಶ. 642ರ ಸುಮಾರಿಗೆ, ಪಲ್ಲವ ನರಸಿಂಹವರ್ಮನು ವಾತಾಪಿಯನ್ನೇ ಹಿಡಿದನು. ಕಾಂಚಿಯವರೆಗೆ ದಂಡೆತ್ತಿ ಹೋದವನ ರಾಜಧಾನಿಯಲ್ಲಿ ಪಲ್ಲವನ ಶಾಸನವು ಕಂಡರಿಸಲ್ಪಟ್ಟಿತು. ವಿಕ್ರಮಾದಿತ್ಯನು ಅದನ್ನು ಮರಳಿ ಪಡೆಯಲು ಒಂದು ದಶಕಕ್ಕೂ ಮಿಕ್ಕ ಕಾಲ ಹಿಡಿಯಿತು. ಉತ್ತರ, ದಕ್ಷಿಣ, ಪೂರ್ವ, ಪಶ್ಚಿಮಗಳೆಲ್ಲಕ್ಕೂ ಚಾಚಿದ ತೋಳು ಹೃದಯಭಾಗವನ್ನು ಕಾಯಲಾರದೆ ಹೋಗಬಹುದು. ಹಿಂದಿನ ಸೋಲನ್ನು ಶತ್ರುವು ಮರೆಯನು; ಗೆದ್ದವನು ಮಾತ್ರ ಮರೆಯುತ್ತಾನೆ.

ನಾಲ್ಕನೆಯ ಪಾಠವು ಎಲ್ಲಕ್ಕಿಂತ ಕಠಿನವಾದುದು. ಏಕೆಂದರೆ ಅಲ್ಲಿ ನೀತಿಯೂ ರಣನೀತಿಯೂ ಮುಖಾಮುಖಿಯಾಗುತ್ತವೆ. 1961ರಲ್ಲಿ ಬಿ.ಆರ್. ಪಂತುಲು ಅವರ ನಿರ್ದೇಶನದಲ್ಲಿ ಬಿ. ಸರೋಜಾದೇವಿ ಅವರು ಅಭಿನಯಿಸಿದ ‘ಕಿತ್ತೂರು ಚೆನ್ನಮ್ಮ’ ಚಿತ್ರವನ್ನು ನೆನೆಯುವವರಿಗೆ ರಾಣಿಯ ಪ್ರತಿಭಟನೆಯ ನುಡಿಗಳು ಮೊದಲು ನೆನಪಾಗುತ್ತವೆ. ಇತಿಹಾಸದಲ್ಲಿ 1824ರ ಅಕ್ಟೋಬರ್ 23ರಂದು ಕಿತ್ತೂರಿನ ಕೋಟೆಯ ಮುಂದೆ ಧಾರವಾಡದ ಕಲೆಕ್ಟರ್ ಥ್ಯಾಕರೆಯು ಹತನಾದನು. ಸ್ಟೀವನ್ಸನ್ ಮತ್ತು ಎಲಿಯಟ್ ಎಂಬ ಅಧಿಕಾರಿಗಳು ಸೆರೆಸಿಕ್ಕರು. ಆ ಸೆರೆಯಾಳುಗಳನ್ನು ಕೊಲ್ಲದೆ ಇರಿಸಿಕೊಂಡು ಕೊನೆಗೆ ಬಿಡುಗಡೆ ಮಾಡಲಾಯಿತು. ಇತ್ತ ಸಂಧಾನ ನಡೆಯುತ್ತಿದ್ದಂತೆ ಅತ್ತ ಕಂಪನಿಯು ದೂರದ ದಂಡುಗಳಿಂದ ಸೇನೆಯನ್ನೂ ಫಿರಂಗಿಗಳನ್ನೂ ತರಿಸಿಕೊಂಡಿತು. ಡಿಸೆಂಬರ್ ಮೊದಲ ವಾರದಲ್ಲಿ ಕೋಟೆಯು ಬಿದ್ದಿತು. ರಾಣಿಯು ಬೈಲಹೊಂಗಲದ ಸೆರೆಯಲ್ಲಿ 1829ರ ಫೆಬ್ರವರಿಯಲ್ಲಿ ಕಣ್ಮುಚ್ಚಿದಳು.

ಕೇವಲ ಲೆಕ್ಕಾಚಾರದಿಂದ ನೋಡುವವನು ಸೆರೆಯಾಳುಗಳನ್ನು ಬಿಟ್ಟುದು ತಪ್ಪು ಎಂದಾನು. ಆದರೆ ಕೋಟೆಯು ಬಿದ್ದುದು ಕರುಣೆಯಿಂದಲ್ಲ. ಎದುರಾಳಿಗೆ ದೊರೆತ ಕಾಲಾವಕಾಶದಿಂದ ಮತ್ತು ಸಾಮ್ರಾಜ್ಯವೊಂದರ ಸಂಪನ್ಮೂಲದಿಂದ. ನಿರಾಯುಧರಾದ ಇಬ್ಬರನ್ನು ಕೊಂದಿದ್ದರೆ ಫಿರಂಗಿಗಳು ಹಿಂದಿರುಗುತ್ತಿರಲಿಲ್ಲ. ದಯೆ ತೋರುವುದು ಬೇರೆ, ಎಚ್ಚರ ತಪ್ಪುವುದು ಬೇರೆ. ಮೊದಲನೆಯದನ್ನು ಎರಡನೆಯದರ ಹೆಸರಿನಿಂದ ನಿಂದಿಸುವುದು ನ್ಯಾಯವಲ್ಲ. ಸೋತ ರಾಣಿಯ ಹೆಸರು ಇಂದಿಗೂ ಗೌರವದಿಂದ ಉಳಿದಿರುವುದಕ್ಕೆ ಆಕೆಯ ಕತ್ತಿಯಷ್ಟೇ ಆಕೆಯ ಸಂಯಮವೂ ಕಾರಣ.

ಜೈನ ಶ್ರಾವಕಾಚಾರವು ಹಿಂಸೆಯನ್ನು ಸಂಕಲ್ಪೀ, ಆರಂಭೀ, ಉದ್ಯೋಗೀ, ವಿರೋಧೀ ಎಂದು ನಾಲ್ಕಾಗಿ ವಿಂಗಡಿಸುತ್ತದೆ. ಗೃಹಸ್ಥನು ಸಂಕಲ್ಪೀ ಹಿಂಸೆಯನ್ನು ಸಂಪೂರ್ಣವಾಗಿ ತ್ಯಜಿಸಬೇಕು. ಆಕ್ರಮಣವನ್ನು ತಡೆಯುವಾಗ ಅನಿವಾರ್ಯವಾಗುವ ವಿರೋಧೀ ಹಿಂಸೆಯು ಅವನಿಗೆ ಸಂಪೂರ್ಣವಾಗಿ ನಿಷಿದ್ಧವಲ್ಲ, ಆದರೆ ಅದು ಹಿಂಸೆಯೇ ಹೊರತು ಪುಣ್ಯವಲ್ಲ. ಕರ್ನಾಟಕದ ಜೈನ ಸೇನಾನಿಗಳು ಈ ಸಂದಿಗ್ಧದಲ್ಲಿಯೇ ಬಾಳಿದವರು. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಗಂಗರಾಜನು ಕಣ್ಣೇಗಾಲದಲ್ಲಿ ಬೀಡುಬಿಟ್ಟಿದ್ದ ಚಾಲುಕ್ಯ ಸಾಮಂತರ ಸೇನೆಯ ಮೇಲೆ ರಾತ್ರಿಯಲ್ಲಿ ಎರಗಿ ಚದುರಿಸಿದನೆಂದು ಶ್ರವಣಬೆಳಗೊಳದ ಶಾಸನವು ತಿಳಿಸುತ್ತದೆ. ಮೆಚ್ಚಿದ ಅರಸನು ವರವನ್ನು ಬೇಡೆಂದಾಗ ಆತನು ಪಡೆದ ಪರಮ ಎಂಬ ಗ್ರಾಮವನ್ನು ತನ್ನ ತಾಯಿ ಪೋಚಲದೇವಿಯೂ ಮಡದಿ ಲಕ್ಷ್ಮೀದೇವಿಯೂ ಕಟ್ಟಿಸಿದ ಜಿನಾಲಯಗಳಿಗೆ ದತ್ತಿಬಿಟ್ಟನು. ಜಯದ ಫಲವನ್ನು ತಾನು ಉಣ್ಣದೆ ಬಿಟ್ಟುಕೊಡುವ ಈ ನಡೆಯು ರಣರಂಗದ ಚಾತುರ್ಯಕ್ಕಿಂತ ದೊಡ್ಡದು.

ಅವನಿಗಿಂತಲೂ ಮುಂಚೆ, ಗಂಗರ ಸೇನಾನಿ ಚಾವುಂಡರಾಯನು ಅನೇಕ ಸಮರಗಳಲ್ಲಿ ಗೆದ್ದು ‘ಸಮರಪರಶುರಾಮ’ ಮೊದಲಾದ ಬಿರುದುಗಳನ್ನು ಧರಿಸಿದ್ದನು. ಹತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಆತನು ವಿಂಧ್ಯಗಿರಿಯ ಮೇಲೆ ಕಡೆಯಿಸಿದ 58 ಅಡಿಯ ಮೂರ್ತಿಯು ಯಾವ ದಿಗ್ವಿಜಯಿಯದೂ ಅಲ್ಲ. ಗೆದ್ದ ಕ್ಷಣದಲ್ಲಿಯೇ ರಾಜ್ಯವನ್ನು ತೊರೆದ ಬಾಹುಬಲಿಯದು. ಭರತ-ಬಾಹುಬಲಿಯರ ಸೇನೆಗಳು ಎದುರುಬದುರಾಗಿ ನಿಂತಾಗ ಮಂತ್ರಿಗಳು ಕೂಡಿ ಆಲೋಚಿಸಿ, ಅಸಂಖ್ಯ ಸೈನಿಕರ ಪ್ರಾಣನಾಶವನ್ನು ತಪ್ಪಿಸಲು ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧಗಳನ್ನು ಸೂಚಿಸಿದರು. ಕನಿಷ್ಠ ಹಾನಿಯಿಂದ ನಿರ್ಣಯವನ್ನು ಪಡೆಯುವುದೇ ರಣನೀತಿಯ ಪರಮಾವಧಿಯಾದರೆ ಇದಕ್ಕಿಂತ ಉತ್ತಮ ನಿದರ್ಶನವು ದೊರೆಯುವುದು ದುರ್ಲಭ.

ಯುದ್ಧಚಿತ್ರಗಳನ್ನು ಮಕ್ಕಳಿಂದ ಮರೆಮಾಡುವುದು ಸಾಧ್ಯವೂ ಅಲ್ಲ, ಅಗತ್ಯವೂ ಅಲ್ಲ. ಅವು ನೆಲ, ಕಾಲ, ಎಚ್ಚರಗಳ ಪಾಠವನ್ನು ಸರಳವಾಗಿ ಹೇಳುತ್ತವೆ. ಆದರೆ ಸೇನೆಗೆ ಅನ್ನ ಎಲ್ಲಿಂದ ಬಂದಿತು, ಆ ದಾರಿಯ ಊರುಗಳ ಪೈರು ಏನಾಯಿತು, ಮಡಿದವರ ಮನೆಗಳಲ್ಲಿ ಏನು ನಡೆಯಿತು, ಗೆದ್ದ ಮೇಲೆ ಮುಂದೇನು ಎಂಬ ಪ್ರಶ್ನೆಗಳನ್ನು ತೆರೆಯು ಅಪರೂಪಕ್ಕೆ ಕೇಳುತ್ತದೆ. ಅವನ್ನು ಕೇಳಬೇಕಾದವರು ಹಿರಿಯರು. ಚಿತ್ರವನ್ನು ನೋಡಿದ ಕುಟುಂಬವು ಮುಂದಿನ ರಜೆಯಲ್ಲಿ ತಾಳಗುಂದ, ಐಹೊಳೆ, ಕಿತ್ತೂರು, ಬೆಳಗೊಳಗಳಿಗೆ ಹೋಗಿಬರಲಿ; ಬಸದಿಗಳ ಪಾಠಶಾಲೆಗಳಲ್ಲಿ ಶಾಸನಗಳ ಅರ್ಥವನ್ನು ಬಲ್ಲವರಿಂದ ಹೇಳಿಸಲಿ. ಚಿತ್ರದಲ್ಲಿ ಕಂಡ ವೀರನ ಮಾತನ್ನು ಮಕ್ಕಳು ಅನುಕರಿಸುವಾಗ, ಅವನು ಯಾವಾಗ ಕತ್ತಿಯನ್ನು ಕೆಳಗಿಟ್ಟನು ಎಂಬುದನ್ನೂ ಅವರಿಗೆ ತಿಳಿಸಿಕೊಡುವುದು ಹಿರಿಯರ ಕರ್ತವ್ಯ.