ಉಂಬಳಿಯಿಂದ ಭುಜಪಟ್ಟಿಯವರೆಗೆ: ಮಧುಗಿರಿ–ಸಿರಾ ಸೀಮೆಯ ಸೈನಿಕ ದರ್ಜೆಗಳು

ಮಧುಗಿರಿ, ಸಿರಾ, ಕೊರಟಗೆರೆ, ಪಾವಗಡಗಳ ಸೀಮೆಯನ್ನು ಐದು ಶತಮಾನಗಳಲ್ಲಿ ಹಲವು ಸೈನ್ಯಗಳು ಆಳಿವೆ. ವಿಜಯನಗರದ ನಾಯಕರು, ಬಿಜಾಪುರದ ಸರದಾರರು, ಮೊಗಲರ ಸುಬೇದಾರರು, ಮರಾಠರು, ಮೈಸೂರಿನ ದಳವಾಯಿಗಳು, ಹೈದರ್ ಮತ್ತು ಟಿಪ್ಪು, ಕೊನೆಗೆ ಇಂಗ್ಲಿಷ್ ಕಂಪನಿ ಹೀಗೆ ಒಬ್ಬರಾದ ಮೇಲೊಬ್ಬರು ಬಂದರು. ಪ್ರತಿಯೊಬ್ಬರೂ ತಮ್ಮ ದರ್ಜೆಗಳನ್ನೂ ಲಾಂಛನಗಳನ್ನೂ ತಂದರು. ಈ ಬದಲಾವಣೆಗಳ ನಡುವೆ ಒಂದು ಗತಿ ಸ್ಪಷ್ಟವಾಗಿ ಕಾಣುತ್ತದೆ. ಮೊದಲು ಸೈನಿಕನ ದರ್ಜೆಯನ್ನು ಅವನ ಕೈಯಲ್ಲಿದ್ದ ಭೂಮಿ, ಅವನ ಹಿಂದೆ ಬರುತ್ತಿದ್ದ ಆಳು ಮತ್ತು ಕುದುರೆಗಳಿಂದ ಅಳೆಯುತ್ತಿದ್ದರು. 18ನೆಯ ಶತಮಾನದಿಂದೀಚೆಗೆ ಅದು ಸಂಬಳದ ಅಳತೆಯಾಗಿ, ತೋಳು ಮತ್ತು ಭುಜದ ಮೇಲಿನ ಗುರುತಾಗಿ ಮಾರ್ಪಟ್ಟಿತು.

ನಾಯಕರ ಕಾಲ

ವಿಜಯನಗರದ ಸೈನ್ಯವ್ಯವಸ್ಥೆಗೆ ಅಮರನಾಯಕ ಪದ್ಧತಿಯೇ ಆಧಾರ. ಅರಸ ಒಂದು ಸೀಮೆಯನ್ನು ಅಮರಮಾಗಣಿಯಾಗಿ ನಾಯಕನಿಗೆ ಒಪ್ಪಿಸುತ್ತಿದ್ದ. ನಾಯಕ ಅದರ ಹುಟ್ಟುವಳಿಯಲ್ಲಿ ಗೊತ್ತಾದ ಪಾಲನ್ನು ಅರಮನೆಗೆ ಕಟ್ಟಿ, ಗೊತ್ತಾದಷ್ಟು ಕಾಲಾಳು, ಕುದುರೆ, ಆನೆಗಳನ್ನು ಸಾಕಿಕೊಂಡು ಕರೆ ಬಂದಾಗ ದಂಡಿಗೆ ಹೋಗಬೇಕಿತ್ತು. 16ನೆಯ ಶತಮಾನದ ಪೋರ್ಚುಗೀಸ್ ವ್ಯಾಪಾರಿ ಫೆರ್ನಾವೊ ನೂನಿಜ್ ವಿಜಯನಗರದ ಪ್ರಮುಖ ನಾಯಕರನ್ನು ಹೆಸರಿಸುವಾಗ ಪ್ರತಿಯೊಬ್ಬನ ಆದಾಯವನ್ನೂ ಅವನು ಒದಗಿಸಬೇಕಾದ ಸೈನ್ಯದ ಸಂಖ್ಯೆಯನ್ನೂ ಜೊತೆಜೊತೆಗೇ ಬರೆದಿದ್ದಾನೆ. ದರ್ಜೆ ಎಂದರೆ ಈ ಎರಡು ಅಂಕಿಗಳೇ ಆಗಿದ್ದವು.

1565ರ ತಾಳಿಕೋಟೆ ಯುದ್ಧದ ನಂತರ ಸಾಮ್ರಾಜ್ಯದ ಹಿಡಿತ ಸಡಿಲಿದಾಗ ಇಂಥ ನಾಯಕರೂ ಗೌಡರೂ ತಂತಮ್ಮ ಬೆಟ್ಟಗಳ ಮೇಲೆ ಕೋಟೆ ಕಟ್ಟಿಕೊಂಡು ಪಾಳೆಯಗಾರರಾದರು. ನಿಡುಗಲ್ಲಿನ ಹರತಿ ನಾಯಕರು, ರತ್ನಗಿರಿಯ ನಾಯಕರು, ಮಧುಗಿರಿಯ ಗೌಡರು ಈ ಸಾಲಿನವರು. ಮಿಡಿಗೇಶಿ, ಚನ್ನರಾಯನದುರ್ಗ, ಪಾವಗಡದ ಕೋಟೆಗಳು ಇವರ ಕಾಲದ ಯುದ್ಧಜೀವನಕ್ಕೆ ಸಾಕ್ಷಿಯಾಗಿ ಉಳಿದಿವೆ. ಇವರ ದಂಡಿನಲ್ಲಿ ಬೇಡರು, ಒಕ್ಕಲಿಗರು, ಕುರುಬರು, ಮುಸಲ್ಮಾನರು ಸೇರಿದ್ದರು. ಕನ್ನಡ ಮತ್ತು ತೆಲುಗು ಎರಡೂ ನಡೆಯುತ್ತಿದ್ದವು.

ಪಾಳೆಯಗಾರನ ದಂಡಿಗೆ ಸಮವಸ್ತ್ರ ಇರಲಿಲ್ಲ. ಮೇಲ್ಮಟ್ಟದವರ ದರ್ಜೆ ಕಾಣುತ್ತಿದ್ದದ್ದು ಬಿರುದು ಬಾವಲಿಗಳಲ್ಲಿ. ಛತ್ರಿ, ಚಾಮರ, ಪಲ್ಲಕ್ಕಿ, ಹಗಲು ದೀವಟಿಗೆ, ನಗಾರಿ, ಕಹಳೆ, ಧ್ವಜ, ಕಾಲಿಗೆ ತೊಡುವ ಗಂಡಪೆಂಡೇರ ಇವೆಲ್ಲ ಮೇಲಿನವನು ಕೆಳಗಿನವನಿಗೆ ಅನುಗ್ರಹಿಸುತ್ತಿದ್ದ ಮರ್ಯಾದೆಗಳು. ಯಾರ ಮುಂದೆ ನಗಾರಿ ಬಾರಿಸಬಹುದು, ಯಾರು ಪಲ್ಲಕ್ಕಿಯಲ್ಲಿ ಕೂತು ಊರು ಪ್ರವೇಶಿಸಬಹುದು ಎಂಬುದು ಜಗಳಕ್ಕೆ ಕಾರಣವಾಗುವಷ್ಟು ದೊಡ್ಡ ವಿಷಯವಾಗಿತ್ತು. ಸಾಮಾನ್ಯ ಕಾಲಾಳಿಗೆ ಸಿಗುತ್ತಿದ್ದದ್ದು ಉಂಬಳಿ ಹೊಲ. ಹೋರಾಡಿ ಸತ್ತವನ ಮನೆಯವರಿಗೆ ನೆತ್ತರುಗೊಡಗೆಯ ಭೂಮಿ ಸಲ್ಲುತ್ತಿತ್ತು, ಅವನ ಹೆಸರಿಗೆ ವೀರಗಲ್ಲು ನಿಲ್ಲುತ್ತಿತ್ತು. ಕೆಳಗಿನ ಫಲಕದಲ್ಲಿ ಕಾಳಗ, ನಡುವೆ ಅಪ್ಸರೆಯರು ಕರೆದೊಯ್ಯುವ ದೃಶ್ಯ, ಮೇಲೆ ಶಿವಸಾನ್ನಿಧ್ಯ ಎಂಬ ಕ್ರಮದ ವೀರಗಲ್ಲುಗಳಲ್ಲಿ ಹೆಚ್ಚಿನ ಅಂತಸ್ತಿನ ವೀರನನ್ನು ಕುದುರೆಯ ಮೇಲೆ, ಛತ್ರಿಯ ಕೆಳಗೆ ಕೆತ್ತುವ ರೂಢಿ ಇತ್ತು. ಬದುಕಿದ್ದಾಗಿನ ದರ್ಜೆ ಕಲ್ಲಿನಲ್ಲೂ ಮುಂದುವರಿಯುತ್ತಿತ್ತು.

ಸಿರಾ ಸುಬಾ ಮತ್ತು ಮನ್ಸಬು

ರತ್ನಗಿರಿಯ ರಂಗಪ್ಪ ನಾಯಕ ಸಿರಾದ ಕೋಟೆಗೆ ಅಡಿಪಾಯ ಹಾಕಿದನೆಂಬುದು ಪರಂಪರೆಯ ಮಾತು. 1638ರಲ್ಲಿ ಬಿಜಾಪುರದ ರಣದುಲ್ಲಾ ಖಾನ್ ಅದನ್ನು ಗೆದ್ದ. ಮುಂದೆ ಬೆಂಗಳೂರು, ಹೊಸಕೋಟೆ, ಕೋಲಾರಗಳೊಂದಿಗೆ ಅದು ಶಹಾಜಿಯ ಜಹಗೀರಿಗೆ ಸೇರಿತು. 1687ರಲ್ಲಿ ಔರಂಗಜೇಬನ ಸೇನಾನಿ ಖಾಸಿಂ ಖಾನ್ ಈ ಪ್ರದೇಶವನ್ನು ವಶಪಡಿಸಿಕೊಂಡು ಸಿರಾವನ್ನು ಮೊಗಲ್ ಪ್ರಾಂತ್ಯವೊಂದರ (ಸುಬಾ) ರಾಜಧಾನಿಯಾಗಿ ಮಾಡಿದ. ಬಸವಾಪಟ್ಟಣ, ಬೂದಿಹಾಳ, ಸಿರಾ, ಪೆನುಕೊಂಡ, ದೊಡ್ಡಬಳ್ಳಾಪುರ, ಹೊಸಕೋಟೆ, ಕೋಲಾರ ಎಂಬ ಏಳು ಪರಗಣೆಗಳು ಅದಕ್ಕೆ ಸೇರಿದವು. ಚಿತ್ರದುರ್ಗ, ಹರಪನಹಳ್ಳಿ, ಬಿದನೂರು, ಮೈಸೂರುಗಳನ್ನು ಕಪ್ಪ ಕೊಡುವ ಸಂಸ್ಥಾನಗಳೆಂದು ಲೆಕ್ಕ ಹಾಕಿದರು.

ಮೊಗಲರ ದರ್ಜೆ ವ್ಯವಸ್ಥೆಯ ಹೆಸರು ಮನ್ಸಬು. ಅಕ್ಬರನ ಕಾಲದಲ್ಲಿ ರೂಪುಗೊಂಡ ಈ ಪದ್ಧತಿಯಲ್ಲಿ ಪ್ರತಿಯೊಬ್ಬ ಅಧಿಕಾರಿಗೂ ಜಾತ್ ಮತ್ತು ಸವಾರ್ ಎಂಬ ಎರಡು ಸಂಖ್ಯೆಗಳು. ಜಾತ್ ಅವನ ಸ್ವಂತ ಅಂತಸ್ತು ಮತ್ತು ವೇತನವನ್ನು, ಸವಾರ್ ಅವನು ಸಾಕಬೇಕಾದ ರಾವುತರ ಲೆಕ್ಕವನ್ನು ಸೂಚಿಸುತ್ತಿತ್ತು. ಹತ್ತರ ಮನ್ಸಬಿನಿಂದ ಐದು ಸಾವಿರ ಹಾಗೂ ಅದಕ್ಕೂ ಮೇಲಿನವರೆಗೆ ಮೆಟ್ಟಿಲುಗಳಿದ್ದವು. ಇರಾನಿ, ತುರಾನಿ, ಅಫ್ಘನ್, ರಜಪೂತ, ಮರಾಠ, ದಖನಿ ಎಂಬ ಭೇದವಿಲ್ಲದೆ ಎಲ್ಲರನ್ನೂ ಒಂದೇ ಏಣಿಯ ಮೇಲೆ ನಿಲ್ಲಿಸಿದ್ದು ಇದರ ಹೆಚ್ಚುಗಾರಿಕೆ. ಸಂಬಳ ಬಹುಮಟ್ಟಿಗೆ ಜಹಗೀರಿನ ರೂಪದಲ್ಲಿ ಬರುತ್ತಿದ್ದರಿಂದ ಇಲ್ಲಿಯೂ ದರ್ಜೆಯ ಬೇರು ಭೂಮಿಯಲ್ಲೇ ಇತ್ತು. ತಪಾಸಣೆಯ ದಿನ ಬಾಡಿಗೆ ಕುದುರೆ ತಂದು ತೋರಿಸುವ ವಂಚನೆಯನ್ನು ತಡೆಯಲು ಕುದುರೆಗೆ ಮುದ್ರೆ ಒತ್ತುವ ದಾಗ್, ಸವಾರನ ಮುಖಚಹರೆ ಬರೆದಿಡುವ ಚೆಹರಾ ಜಾರಿಯಲ್ಲಿದ್ದವು. ಉನ್ನತ ಮನ್ಸಬುದಾರರಿಗೆ ಖಿಲ್ಲತ್ತಿನ ಉಡುಪು, ಆಲಂ ಎಂಬ ಧ್ವಜ, ನಗಾರಿ, ಚಮರೀಮೃಗದ ಬಾಲದ ತೋಘ್, ಮೀನಿನ ಆಕಾರದ ಮಾಹಿ ಮರಾತಿಬ್ ಸಲ್ಲುತ್ತಿದ್ದವು.

ಆದರೆ ದೊಡ್ಡ ಅಂಕಿಯ ಮನ್ಸಬು ಗೆಲುವಿನ ಭರವಸೆಯಾಗಿರಲಿಲ್ಲ. 1695ರಲ್ಲಿ ಮರಾಠ ಸೇನಾಪತಿ ಸಂತಾಜಿ ಘೋರ್ಪಡೆ ಖಾಸಿಂ ಖಾನನನ್ನು ಚಳ್ಳಕೆರೆ ಸಮೀಪದ ದೊಡ್ಡೇರಿಯ ಕೋಟೆಯಲ್ಲಿ ಮುತ್ತಿದ. ಖಾನ್ ಅಲ್ಲೇ ಸತ್ತ. ಉಳಿದವರು ಸೊತ್ತನ್ನೆಲ್ಲ ಒಪ್ಪಿಸಿ ಶರಣಾದರು. ಸುಬಾ ಮಾತ್ರ ಉಳಿಯಿತು. ಸುಬೇದಾರ ದಿಲಾವರ್ ಖಾನನ ಆಳಿಕೆಯಲ್ಲಿ, 18ನೆಯ ಶತಮಾನದ ಎರಡನೆಯ ಪಾದದಲ್ಲಿ, ಸಿರಾ ತನ್ನ ವೈಭವದ ತುದಿ ಮುಟ್ಟಿತು.

ಮೈಸೂರಿನ ದಂಡು

ಮೈಸೂರಿನ ಚಿಕ್ಕದೇವರಾಜ ಒಡೆಯರ ಸೈನ್ಯ 1678ರಲ್ಲಿ ಮಧುಗಿರಿಯನ್ನು ಗೆದ್ದಿತು. ಮೈಸೂರಿನ ಸೇನಾಧಿಪತಿಗೆ ದಳವಾಯಿ ಎಂಬ ಪದವಿ. ಚಿಕ್ಕದೇವರಾಜರು ಏರ್ಪಡಿಸಿದ ಹದಿನೆಂಟು ಕಚೇರಿಗಳಲ್ಲಿ ಕಂದಾಚಾರವೂ ಒಂದು. ಕೋಟೆ ಕಾಯುವುದು, ಊರ ಕಾವಲು, ದಂಡಿಗೆ ಆಳು ಒದಗಿಸುವುದು ಅದರ ಕೆಲಸಗಳು. ಕಿಲ್ಲೇದಾರ, ಹೋಬಳಿದಾರ, ದಫೇದಾರ ಎಂಬ ಅಧಿಕಾರಿಗಳ ಕೆಳಗೆ ಹಳ್ಳಿಯ ಆಳುಗಳೇ ಸೈನಿಕರು. ಅವರು ಬೇಸಾಯಗಾರರೂ ಆಗಿದ್ದರಿಂದ ಜೀವನೋಪಾಯ ಸ್ವಲ್ಪ ಹೊಲದಿಂದ, ಸ್ವಲ್ಪ ಸಂಬಳದಿಂದ ಸಾಗುತ್ತಿತ್ತು.

ಭೂಮಿಯ ದರ್ಜೆಯಿಂದ ಸಂಬಳದ ದರ್ಜೆಗೆ ನಡೆದ ಪಯಣ ಒಂದೇ ಕುಟುಂಬದ ಮೂರು ತಲೆಮಾರುಗಳಲ್ಲಿ ಕಾಣುತ್ತದೆ. ಫತೇ ಮಹಮ್ಮದ್ ಸಿರಾದ ಸುಬೇದಾರರ ಕೈಕೆಳಗೆ ನಾಯಕನಾಗಿ, ಮುಂದೆ ಕೋಲಾರದ ಫೌಜುದಾರನಾಗಿ ಏರಿ ಬೂದಿಕೋಟೆಯ ಜಹಗೀರು ಪಡೆದ. ಅವನ ಮಗ ಹೈದರ್ ಅಲಿ 1749ರ ದೇವನಹಳ್ಳಿ ಮುತ್ತಿಗೆಯಲ್ಲಿ ಗಮನ ಸೆಳೆದು ಮೈಸೂರು ಸೈನ್ಯದ ಚಿಕ್ಕ ತುಕಡಿಯೊಂದರ ನಾಯಕತ್ವ ಪಡೆದ. 1755ರ ಹೊತ್ತಿಗೆ ದಿಂಡಿಗಲ್ಲಿನ ಫೌಜುದಾರನಾದ. 1761ರಲ್ಲಿ ನಿಜಾಮನ ಸೋದರ ಬಸಾಲತ್ ಜಂಗನೊಂದಿಗೆ ಸೇರಿ ಸಿರಾವನ್ನು ಹಿಡಿದ. ಬಸಾಲತ್ ಜಂಗ್ ಸಿರಾ ಇನ್ನೂ ಮರಾಠರ ಕೈಯಲ್ಲಿದ್ದಾಗಲೇ ಹೈದರನಿಗೆ ಸಿರಾದ ನವಾಬಗಿರಿಯನ್ನೂ ‘ಹೈದರ್ ಅಲಿ ಖಾನ್ ಬಹಾದ್ದೂರ್’ ಎಂಬ ಬಿರುದನ್ನೂ ದಯಪಾಲಿಸಿದ್ದ. ಮೊಗಲ್ ಬಿರುದು ಕಾಣಿಕೆಯ ಮೊತ್ತಕ್ಕೆ ಸಿಗುವ ಸರಕಾಗಿದ್ದ ಕಾಲ ಅದು. ಆದರೂ ಪಾಳೆಯಗಾರರ ಮುಂದೆ ನಿಲ್ಲಲು ಆ ಸನ್ನದು ಹೈದರನಿಗೆ ಬೇಕಾಗಿತ್ತು. 1763ರಲ್ಲಿ ಬಿದನೂರನ್ನು ಗೆದ್ದ ಮೇಲೆ ಅಲ್ಲಿನ ರಾಣಿ ವೀರಮ್ಮಾಜಿಯನ್ನು ಅವನು ಸೆರೆಯಿಟ್ಟದ್ದು ಮಧುಗಿರಿ ಬೆಟ್ಟದ ಕೋಟೆಯಲ್ಲಿ. 1767ರಲ್ಲಿ ಪೇಶ್ವೆ ಮಾಧವರಾಯ ಕೋಟೆ ಹಿಡಿದಾಗ ಆಕೆಗೆ ಬಿಡುಗಡೆಯಾಯಿತು.

ಮೂರನೆಯ ತಲೆಮಾರಿನ ಟಿಪ್ಪು ಪಾಳೆಯಗಾರರನ್ನು ಹತ್ತಿಕ್ಕಿ, ಸರ್ಕಾರವೇ ನೇರವಾಗಿ ಸಂಬಳ ಕೊಡುವ ಸೈನ್ಯವನ್ನು ಬೆಳೆಸಿದ. ಜೈನುಲ್ ಅಬಿದೀನ್ ಶುಸ್ತರಿ ಅವನಿಗಾಗಿ ರಚಿಸಿದ ‘ಫತುಹುಲ್ ಮುಜಾಹಿದೀನ್’ ಎಂಬ ಸೈನಿಕ ಕೈಪಿಡಿ ಕವಾಯತು ಮತ್ತು ಸೈನಿಕರ ಕರ್ತವ್ಯಗಳನ್ನು ನಿಗದಿ ಮಾಡಿತು. ಕಾಲ್ದಳದ ದೊಡ್ಡ ಘಟಕವಾದ ಕುಶೂನಿಗೆ ಸಿಪಾದಾರ, ಅದರ ಭಾಗವಾದ ರಿಸಾಲೆಗೆ ರಿಸಾಲದಾರ, ರಿಸಾಲೆಯ ಭಾಗವಾದ ಜೌಕಿಗೆ ಜೌಕುದಾರ. ಅವರ ಕೆಳಗೆ ಸರ್‌ಖೇಲ್, ಜಮಾದಾರ, ದಫೇದಾರ. ಕವಾಯತಿನ ಆಜ್ಞೆಗಳಲ್ಲಿ ಯುರೋಪಿನ ಮಾತುಗಳ ಬದಲಿಗೆ ಪಾರಸಿ ಮಾತುಗಳು ಬಂದವು. ಸಿಪಾಯಿಗಳ ಉಡುಪಿನ ಮೇಲೆ ಹುಲಿಪಟ್ಟೆಯನ್ನು ಹೋಲುವ ಬಬ್ರಿ ಚಿತ್ತಾರ ಮೂಡಿತು. ಕನ್ನಡದ ಬೇಡನೂ ದಖನಿ ಪಠಾಣನೂ ಒಂದೇ ಬಟ್ಟೆ ತೊಟ್ಟರು. ಅಂತಸ್ತಿನ ಗುರುತು ಪಲ್ಲಕ್ಕಿ ನಗಾರಿಗಳಿಂದ ಮೈಮೇಲಿನ ಬಟ್ಟೆಗೆ ಇಳಿಯತೊಡಗಿದ್ದು ಇಲ್ಲಿಂದ.

ಕಂಪನಿಯ ಏಣಿ

ಇಂಗ್ಲಿಷ್ ಕಂಪನಿ ತನ್ನ ಸೈನ್ಯಕ್ಕೆ ಹೊಸ ಹೆಸರುಗಳನ್ನು ಹುಡುಕಲಿಲ್ಲ. ಕಾಲ್ದಳದಲ್ಲಿ ಸಿಪಾಯಿ, ನಾಯಕ್, ಹವಾಲ್ದಾರ್, ಜಮಾದಾರ್, ಸುಬೇದಾರ್. ಕುದುರೆದಳದಲ್ಲಿ ಸವಾರ, ದಫೇದಾರ್, ರಿಸಾಲ್ದಾರ್. ಹೆಸರು ಉಳಿದರೂ ಅಧಿಕಾರ ಕುಗ್ಗಿತು. ಸಿರಾದ ಸುಬೇದಾರ ಒಂದು ಪ್ರಾಂತ್ಯವನ್ನೇ ಆಳಿದ್ದರೆ ಕಂಪನಿಯ ಸುಬೇದಾರ ಒಂದು ತುಕಡಿಯ ಹಿರಿಯ ದೇಶೀ ಅಧಿಕಾರಿ ಮಾತ್ರ. ಮೂವತ್ತು ವರ್ಷ ದುಡಿದ ಸುಬೇದಾರನೂ ಆಗಷ್ಟೇ ಹಡಗಿನಿಂದ ಇಳಿದ ಇಂಗ್ಲಿಷ್ ಎನ್‌ಸೈನನ ಮುಂದೆ ಕೆಳಗಿನವನೇ.

ಹಲವು ಜನಾಂಗಗಳ ಸೈನ್ಯದಲ್ಲಿ ಲಾಂಛನವನ್ನು ಮೇಲಿನಿಂದ ಹೇರಿದರೆ ಏನಾಗುತ್ತದೆಂಬುದನ್ನು 1806ರ ಜುಲೈ 10ರ ವೆಲ್ಲೂರು ದಂಗೆ ತೋರಿಸಿತು. ಹೊಸ ಆಜ್ಞೆಯಂತೆ ಸಿಪಾಯಿಗಳು ಹಣೆಯ ನಾಮ, ವಿಭೂತಿ, ಕಿವಿಯ ಕಡಕುಗಳನ್ನು ತೆಗೆದು, ಗಡ್ಡ ಬೋಳಿಸಿ, ತೊಗಲಿನ ಅಲಂಕಾರವಿದ್ದ ಹೊಸ ಟರ್ಬನ್ ತೊಡಬೇಕಿತ್ತು. ಹಿಂದೂ ಮುಸ್ಲಿಂ ಸಿಪಾಯಿಗಳು ಒಟ್ಟಾಗಿ ತಿರುಗಿಬಿದ್ದರು. ಟಿಪ್ಪುವಿನ ಮಕ್ಕಳು ವೆಲ್ಲೂರಿನ ಕೋಟೆಯಲ್ಲೇ ಇದ್ದದ್ದು ಕಿಚ್ಚನ್ನು ಹೆಚ್ಚಿಸಿತು. ದಂಗೆ ಅಡಗಿದರೂ ಆಜ್ಞೆಯನ್ನು ಹಿಂತೆಗೆದುಕೊಳ್ಳಬೇಕಾಯಿತು. ಗವರ್ನರ್ ವಿಲಿಯಂ ಬೆಂಟಿಂಕ್, ಸೇನಾಪತಿ ಜಾನ್ ಕ್ರಾಡಕ್ ಇಬ್ಬರನ್ನೂ ಕಂಪನಿ ವಾಪಸು ಕರೆಸಿಕೊಂಡಿತು.

ಇದೇ ಸಮಸ್ಯೆ ಯುರೋಪಿನಲ್ಲೂ ಇತ್ತು. ಜರ್ಮನ್, ಹಂಗೇರಿಯನ್, ಚೆಕ್, ಪೋಲಿಷ್, ಕ್ರೊಯೇಷಿಯನ್ ಮೊದಲಾದ ಭಾಷೆಗಳ ಸೈನಿಕರಿದ್ದ ಆಸ್ಟ್ರಿಯಾ–ಹಂಗೇರಿ ಸಾಮ್ರಾಜ್ಯದ ಸೈನ್ಯದಲ್ಲಿ ಕವಾಯತಿನ ಸುಮಾರು 80 ಆಜ್ಞೆಗಳು ಮಾತ್ರ ಜರ್ಮನ್‌ನಲ್ಲಿ. ಉಳಿದ ಮಾತುಕತೆ ಆಯಾ ರೆಜಿಮೆಂಟಿನ ಭಾಷೆಯಲ್ಲಿ, ಅಧಿಕಾರಿ ಅದನ್ನು ಕಲಿಯಲೇಬೇಕು. ಕಾಲರಿನ ಮೇಲಿನ ನಕ್ಷತ್ರಗಳು ಯಾವ ಭಾಷೆಯವನಿಗೂ ದರ್ಜೆಯನ್ನು ತಿಳಿಸುತ್ತಿದ್ದವು. ಬ್ರಿಟಿಷ್ ಭಾರತದ ಸೈನ್ಯವೂ ಕ್ರಮೇಣ ಇಂಥ ದಾರಿಗೇ ಬಂತು. ಲ್ಯಾನ್ಸ್ ನಾಯಕನ ತೋಳಿಗೆ ಒಂದು ಪಟ್ಟಿ, ನಾಯಕನಿಗೆ ಎರಡು, ಹವಾಲ್ದಾರನಿಗೆ ಮೂರು. ಜಮಾದಾರನ ಭುಜಕ್ಕೆ ಒಂದು ನಕ್ಷತ್ರ, ಸುಬೇದಾರನಿಗೆ ಎರಡು, ಸುಬೇದಾರ್ ಮೇಜರನಿಗೆ ಕಿರೀಟ. ಓದು ಬರಹ ಬಾರದ ಸಿಪಾಯಿಗೂ ಯಾರಿಗೆ ಸಲಾಮು ಹೊಡೆಯಬೇಕೆಂಬುದು ಇದರಿಂದ ತಿಳಿಯುತ್ತಿತ್ತು.

ಸಂಸ್ಥಾನದ ಸೈನ್ಯ

1799ರಲ್ಲಿ ಟಿಪ್ಪು ಬಿದ್ದ ನಂತರ ಮೈಸೂರು ಸಂಸ್ಥಾನಕ್ಕೆ ಸಿಲ್ಲೇದಾರ್ ಕುದುರೆದಳವೂ ಬಾರ್ ಎಂಬ ಕಾಲ್ದಳವೂ ಉಳಿದವು. ಸಿಲ್ಲೇದಾರ ತನ್ನದೇ ಕುದುರೆ, ಆಯುಧ ತಂದು ಸರ್ಕಾರದಿಂದ ಸಂಬಳ ಪಡೆಯುತ್ತಿದ್ದ. ಇದು ಹಳೆಯ ಸ್ವಂತ ಕುದುರೆಯ ಅಂತಸ್ತಿಗೂ ಹೊಸ ಸಂಬಳಕ್ಕೂ ನಡುವಿನ ಏರ್ಪಾಡು. 1807ರ ಒಪ್ಪಂದದಂತೆ ಮೈಸೂರು 4,000 ಕುದುರೆ ಸವಾರರನ್ನು ಸಿದ್ಧವಾಗಿಡಬೇಕಿತ್ತು. 1817ರ ಡಿಸೆಂಬರಿನ ಮಹಿದಪುರ ಕಾಳಗದಲ್ಲಿ ಈ ದಳ ಪಾಲ್ಗೊಂಡಿತು.

1892ರಲ್ಲಿ ಮೈಸೂರು ಇಂಪೀರಿಯಲ್ ಸರ್ವಿಸ್ ಲ್ಯಾನ್ಸರ್ಸ್ ಹುಟ್ಟಿತು. ಅದರ ದರ್ಜೆಗಳಲ್ಲಿ ರಿಸಾಲ್ದಾರ್, ಜಮಾದಾರ್ ಜೊತೆಗೆ ರೆಜಿಮೆಂಟ್‌ದಾರ್ ಎಂಬ ಇಂಗ್ಲಿಷ್–ಪಾರಸಿ ಬೆರಕೆಯ ಪದವಿಯೂ ಇತ್ತು. ಗಂಡಭೇರುಂಡ ಸಂಸ್ಥಾನದ ಲಾಂಛನ. 1918ರ ಸೆಪ್ಟೆಂಬರ್ 23ರಂದು ಹೈಫಾ ನಗರವನ್ನು ಜೋಧಪುರ ಮತ್ತು ಮೈಸೂರು ಲ್ಯಾನ್ಸರುಗಳು ಈಟಿ ಹಿಡಿದು ಗೆದ್ದರು. ಆ ಸಮರದಲ್ಲಿದ್ದ ಮೈಸೂರಿನ ಹಿರಿಯ ಅಧಿಕಾರಿಗಳಲ್ಲಿ ಕರ್ನಲ್ ದೇಸರಾಜ ಅರಸರೂ ಇದ್ದರು. ದೆಹಲಿಯ ತೀನ್ ಮೂರ್ತಿ ಸ್ಮಾರಕದ ಮೂರು ಪ್ರತಿಮೆಗಳು ಹೈದರಾಬಾದ್, ಜೋಧಪುರ, ಮೈಸೂರು ಸಂಸ್ಥಾನಗಳ ದಳಗಳಿಗೆ ಸಲ್ಲಿಸಿದ ಗೌರವ.

ಸ್ವಾತಂತ್ರ್ಯದ ನಂತರ

ಭಾರತೀಯರಿಗೆ ರಾಜನ ಕಮಿಷನ್ ದೊರೆಯಲು 1917ರವರೆಗೆ ಕಾಯಬೇಕಾಯಿತು. ಕೊಡಗಿನ ಕೆ. ಎಂ. ಕಾರ್ಯಪ್ಪ 1919ರಲ್ಲಿ ಕಮಿಷನ್ ಪಡೆದು, 1949ರ ಜನವರಿ 15ರಂದು ಭಾರತೀಯ ಸೇನೆಯ ಮೊದಲ ಭಾರತೀಯ ದಂಡನಾಯಕರಾದರು. 1986ರಲ್ಲಿ ಫೀಲ್ಡ್ ಮಾರ್ಷಲ್ ಪದವಿ ಅವರಿಗೆ ಸಂದಿತು. ಸಂಸ್ಥಾನದ ದಳಗಳು ರಾಷ್ಟ್ರದ ಸೇನೆಯಲ್ಲಿ ವಿಲೀನವಾದವು. ಮೈಸೂರು ಕಾಲ್ದಳದ ಒಂದನೆಯ ಪಡೆ ಮದ್ರಾಸ್ ರೆಜಿಮೆಂಟಿನ 18ನೆಯ ಬೆಟಾಲಿಯನ್ ಆಯಿತು. ಲ್ಯಾನ್ಸರುಗಳು 61ನೆಯ ಕ್ಯಾವಲ್ರಿಗೆ ಸೇರಿದರು.

1950ರ ಜನವರಿ 26ರಿಂದ ಕಿರೀಟದ ಜಾಗಕ್ಕೆ ಅಶೋಕ ಸ್ತಂಭದ ಸಿಂಹಗಳು, ಬ್ರಿಟಿಷ್ ನಕ್ಷತ್ರದ ಜಾಗಕ್ಕೆ ಐದು ಮೂಲೆಯ ನಕ್ಷತ್ರ ಬಂದವು. ವೈಸ್‌ರಾಯ್ ಕಮಿಷನ್ ಅಧಿಕಾರಿಗಳು ಜೂನಿಯರ್ ಕಮಿಷನ್ಡ್ ಅಧಿಕಾರಿಗಳಾದರು. 1965ರಲ್ಲಿ ಕಾಲ್ದಳದ ಜಮಾದಾರ್ ಪದವಿಗೆ ನಾಯಬ್ ಸುಬೇದಾರ್ ಎಂದು ಹೆಸರಾಯಿತು. ದರ್ಜೆಗೂ ಭೂಮಿಗೂ ಇದ್ದ ನಂಟು ಪೂರ್ತಿ ಕಡಿದುಹೋಗಿ, ಸಂಬಳ, ಪಿಂಚಣಿ ಮತ್ತು ಭುಜದ ಗುರುತುಗಳಷ್ಟೇ ನಿಂತವು. ಹಳೆಯ ಸೈನ್ಯವ್ಯವಸ್ಥೆಯ ಪದಗಳಲ್ಲಿ ಕೆಲವು ಈಗ ಸಾಮಾನ್ಯ ಆಡಳಿತದಲ್ಲಿ ಉಳಿದಿವೆ. ಹೋಬಳಿದಾರನ ಪದವಿ ಮರೆಯಾಗಿದೆ, ಹೋಬಳಿ ಕಂದಾಯ ಇಲಾಖೆಯ ಘಟಕವಾಗಿದೆ.