ಬೇಗಡೆಯ ವೇಷದಿಂದ ಬೆಳಕಿನ ಗೊಂಬೆಗೆ

ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳ ಸೀಮೆ ಮೂಡಲಪಾಯ ಯಕ್ಷಗಾನದ ವ್ಯಾಪ್ತಿಗೆ ಸೇರಿದುದು. ಮೂಡಲಪಾಯ ಹರಡಿದ ಈ ದಕ್ಷಿಣ ಕರ್ನಾಟಕದಲ್ಲೇ ಕಿಳ್ಳೇಕ್ಯಾತ ಸಮುದಾಯದವರು ತೊಗಲುಗೊಂಬೆಯಾಟವನ್ನೂ ಆಡಿಸುತ್ತ ಬಂದರು. ಒಂದು ಮೈಮೇಲೆ ಕಟ್ಟುವ ವೇಷ, ಇನ್ನೊಂದು ಪರದೆಯ ಮೇಲೆ ಮೂಡುವ ಚಿತ್ರ. ರಾಮಾಯಣ, ಮಹಾಭಾರತಗಳ ಕಥಾವಸ್ತು ಎರಡಕ್ಕೂ ಸಮಾನವೆಂದು ಹೇಳಿ ಮುಗಿಸುವುದುಂಟು. ಬೆಳಕಿನ ನೆಲೆಯಿಂದ ನೋಡಿದರೆ ಅವುಗಳ ಸಂಬಂಧ ಇನ್ನೂ ಆಳವಾದುದು.

ಮೂಡಲಪಾಯದ ಕಿರೀಟ, ಭುಜಕೀರ್ತಿಗಳು ಹಗುರ ಮರದವು. ಮೇಲೆ ಬೇಗಡೆ, ಕನ್ನಡಿಚೂರು. ಹಗಲಿನಲ್ಲಿ ಒರಟಾಗಿ ಕಾಣುವ ಇವು ಪಂಜಿನ ಅಲುಗುವ ಬೆಳಕಿನಲ್ಲಿ ಜೀವ ತಳೆಯುತ್ತವೆ. ದೂರ ಕುಳಿತವರಿಗೆ ಪಾತ್ರದ ಗುರುತು ಸಿಗುವುದು ಸೂಕ್ಷ್ಮ ಮುಖಭಾವದಿಂದಲ್ಲ, ಬಣ್ಣ ಮತ್ತು ಮಿನುಗಿನಿಂದ. ತೊಗಲುಗೊಂಬೆಗೆ ಬೆಳಕು ಹಿಂದಿನಿಂದ ಬರುವುದರಿಂದ ಅಲ್ಲಿ ಕನ್ನಡಿಗೆ ಕೆಲಸವಿಲ್ಲ. ಅದೇ ಕಿರೀಟ, ಅದೇ ಹಾರಗಳನ್ನು ಕಲಾವಿದ ತೊಗಲಿನಲ್ಲಿ ಸಣ್ಣ ರಂಧ್ರಗಳಾಗಿ ಕೊರೆಯುತ್ತಾನೆ. ವೇಷದಲ್ಲಿ ಬೆಳಕನ್ನು ಹಿಂದಿರುಗಿಸುತ್ತಿದ್ದ ಆಭರಣ ಗೊಂಬೆಯಲ್ಲಿ ಬೆಳಕಿಗೆ ದಾರಿ ಬಿಡುತ್ತದೆ. ಕಿಳ್ಳೇಕ್ಯಾತ, ಬಂಗಾರಕ್ಕರ ಗೊಂಬೆಗಳನ್ನಂತೂ ಬರಿಯ ಹೊರರೇಖೆಯಿಂದಲೇ ಮಕ್ಕಳೂ ಗುರುತಿಸುತ್ತಾರೆ.

ಇಂತಹ ಜೋಡಿಯನ್ನು ಆಧುನಿಕ ಜನಪ್ರಿಯ ಕಲೆಯಲ್ಲಿಯೂ ಕಾಣಬಹುದು. 1971ರಲ್ಲಿ ಇಂಗ್ಲೆಂಡಿನ ಗಾಯಕ ಮಾರ್ಕ್ ಬೋಲನ್ ಕೆನ್ನೆಗೆ ಮಿನುಗುಪುಡಿ ಹಚ್ಚಿಕೊಂಡು ದೂರದರ್ಶನದಲ್ಲಿ ಹಾಡಿದುದು ಗ್ಲ್ಯಾಮ್ ರಾಕ್ ಶೈಲಿಗೆ ನಾಂದಿಯಾಯಿತು. ಡೇವಿಡ್ ಬೋವಿಯ 1973ರ ಪ್ರವಾಸಕ್ಕೆ ವೇಷ ರಚಿಸಿದ ಜಪಾನಿನ ಕನ್ಸಾಯ್ ಯಮಾಮೊಟೊ ತಮ್ಮ ನಾಡಿನ ಕಬೂಕಿ ರಂಗಭೂಮಿಯಿಂದ ಸ್ಫೂರ್ತಿ ಪಡೆದಿದ್ದರು. ಅದೇ ದಶಕದ ಕೊನೆಗೆ ಜಪಾನಿನಿಂದ ವಿಡಿಯೊ ಆಟಗಳು ಬಂದವು. 1978ರ ಸ್ಪೇಸ್ ಇನ್ವೇಡರ್ಸ್ ಆಟದ ಮೊದಲ ಯಂತ್ರಗಳ ಪರದೆ ಕಪ್ಪು ಬಿಳುಪಿನದು. ಅದರ ಮೇಲೆ ಬಣ್ಣದ ಪಾರದರ್ಶಕ ಪಟ್ಟಿಗಳನ್ನಿಟ್ಟು ಬಣ್ಣ ತರಲಾಗುತ್ತಿತ್ತು. ಬಣ್ಣ ಹಚ್ಚಿದ ತೊಗಲಿನ ಮೂಲಕ ದೀಪ ತೋರುವ ಉಪಾಯಕ್ಕಿಂತ ಇದು ಬಹಳ ದೂರದ್ದೇನಲ್ಲ. 1981ರ ಡಾಂಕಿ ಕಾಂಗ್ ಆಟದ ನಾಯಕನಿಗೆ ಶಿಗೆರು ಮಿಯಾಮೊಟೊ ಟೋಪಿ ಹಾಕಿದ್ದು ಕೂದಲನ್ನು ಬಿಡಿಸುವ ಕಷ್ಟ ತಪ್ಪಿಸಲು, ದಪ್ಪ ಮೀಸೆ ಕೊಟ್ಟಿದ್ದು ಕೆಲವೇ ಚುಕ್ಕೆಗಳಲ್ಲಿ ಮೂಗು ಎದ್ದುಕಾಣಲೆಂದು. ಇದನ್ನು ರಾಕ್ ವೇದಿಕೆಯಿಂದ ಪಡೆದ ಎರವಲೆಂದು ಭಾವಿಸಬೇಕಾಗಿಲ್ಲ. ಮುಖವನ್ನು ಗುರುತಾಗಿ ಮಾರ್ಪಡಿಸುವ ಅಗತ್ಯ ವೇದಿಕೆಗೂ ಪರದೆಗೂ ಒಂದೇ.

ಎಂ.ಎಸ್. ನಂಜುಂಡರಾವ್ ಅವರ ಶ್ರಮದಿಂದ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿ ತೊಗಲುಗೊಂಬೆಗಳ ಮಹತ್ವದ ಸಂಗ್ರಹ ಉಳಿದುಬಂದಿದೆ. ಆದರೆ ಯಾವುದೇ ಗೊಂಬೆಯನ್ನು ಗೋಡೆಗೆ ಒರಗಿಸಿ ಮುಂದಿನಿಂದ ದೀಪ ಹಾಕಿದರೆ ಉಳಿಯುವುದು ಬಣ್ಣ ಬಳಿದ ತೊಗಲು ಮಾತ್ರ. ಹಳೆಯ ವಿಡಿಯೊ ಆಟಗಳಿಗೂ ಈ ಗತಿ ಬಂದಿದೆ: ಗಾಜಿನ ಕೊಳವೆಯ ಪರದೆಗೆಂದು ರಚಿಸಿದ ಚಿತ್ರ ಇಂದಿನ ಚಪ್ಪಟೆ ಪರದೆಯಲ್ಲಿ ಬರಿಯ ಚೌಕಗಳಾಗಿ ಒಡೆದು ಕಾಣುತ್ತದೆ. ಆದುದರಿಂದ ನಮ್ಮ ಕ್ಷೇತ್ರಕಾರ್ಯದ ದಾಖಲೆಗಳಲ್ಲಿ ಗೊಂಬೆಯ ಉದ್ದಗಲಗಳ ಜೊತೆಗೆ ಪರದೆಯ ಬಟ್ಟೆ, ದೀಪದ ಎಣ್ಣೆ, ದೀಪಕ್ಕೂ ಗೊಂಬೆಗೂ ಇದ್ದ ಅಂತರಗಳು ಸೇರಬೇಕು. ಪಂಜಿನ ಬೆಳಕಿನಲ್ಲಿ ಕುಣಿದವರನ್ನು, ಎಣ್ಣೆದೀಪದ ಮುಂದೆ ಗೊಂಬೆ ಹಿಡಿದವರನ್ನು ಅವರು ನಮ್ಮ ನಡುವೆ ಇರುವಾಗಲೇ ಕೇಳಿ ಬರೆದುಕೊಳ್ಳಬೇಕಾದ ವಿವರಗಳಿವು.