ವಿಕ್ಟೋರಿಯಾ ಎಂಬ ಹೆಸರು

ಕೊಯಮತ್ತೂರಿನ ಹಳೆಯ ಪೇಟೆಯ ನಡುವೆ, ರಾಜಬೀದಿಗೆ ಅನತಿದೂರದಲ್ಲಿ, ಪರದೇಶದ ರಾಣಿಯೊಬ್ಬಳ ಹೆಸರು ಹೊತ್ತ ಸಭಾಭವನವೊಂದು ನಿಂತಿದೆ. 1892ರಲ್ಲಿ ಕಟ್ಟಿದ ಈ ವಿಕ್ಟೋರಿಯಾ ಪುರಭವನವು ನಗರದ ಆಡಳಿತ ಮಂಡಲಿಯ ಸಭೆಗಳಿಗೆ ಎಡೆಯಾಗಿ ಪ್ರಸಿದ್ಧವಾಗಿದೆ. ಕಟ್ಟಿದ ಕಾಲದಲ್ಲಿ ಕೊಳ್ಳೇಗಾಲ ತಾಲ್ಲೂಕು ಕೊಯಮತ್ತೂರು ಜಿಲ್ಲೆಗೇ ಸೇರಿತ್ತು. 1956ರ ನವೆಂಬರ್ 1ರಂದು ಅದು ಮೈಸೂರು ರಾಜ್ಯವನ್ನು ಕೂಡಿಕೊಂಡಿತು. ಅಲ್ಲಿಯವರೆಗೆ ಕೊಳ್ಳೇಗಾಲದ ಕನ್ನಡಿಗನಿಗೂ ಜಿಲ್ಲೆಯ ಮುಖ್ಯಪಟ್ಟಣವೆಂದರೆ ಕೊಯಮತ್ತೂರೇ. ಆದಕಾರಣ ಈ ಭವನವನ್ನು ಕುರಿತು ವಿಚಾರಿಸುವ ಹಕ್ಕು ಕನ್ನಡಿಗರಾದ ನಮಗೂ ಉಂಟು.

ಭವನದ ಚರಿತ್ರೆಯನ್ನು ಬಿಟ್ಟು, ಅದರ ಹೆಸರಿನ ಚರಿತ್ರೆಯನ್ನಷ್ಟೇ ಇಲ್ಲಿ ಪರಿಶೀಲಿಸುತ್ತೇವೆ. ಊರಿನ ಜನ ಇಂದು ಆ ಕಟ್ಟಡವನ್ನೂ ಅದರ ಸುತ್ತಣ ಪೇಟೆಯನ್ನೂ 'ಟೌನ್ ಹಾಲ್' ಎಂದಷ್ಟೇ ಕರೆಯುತ್ತಾರೆ. ರಾಣಿಯ ಹೆಸರು ಕಡತಗಳಲ್ಲಿ ಉಳಿದು, ಜನರ ನಾಲಗೆಯಿಂದ ಜಾರಿಹೋಗಿದೆ. ಜಾರಿಹೋದ ಆ ಹೆಸರಿನ ಮೂಲವೆಲ್ಲಿ? ಅರ್ಥವೇನು?

ವಿಕ್ಟೋರಿಯಾ ಎಂಬುದು ಲ್ಯಾಟಿನ್ ಭಾಷೆಯ ಶಬ್ದ. ಗೆಲ್ಲು ಎಂಬ ಅರ್ಥದ ಕ್ರಿಯಾಪದದಿಂದ ಹುಟ್ಟಿದ ಈ ನಾಮಪದಕ್ಕೆ ಗೆಲವು, ಜಯ ಎಂದೇ ಅರ್ಥ. ಗೆದ್ದವನು ವಿಕ್ಟರ್, ಗೆಲವೇ ವಿಕ್ಟೋರಿಯಾ. ನಮ್ಮ 'ವಿಜಯಾ'ಕ್ಕೂ ಇದಕ್ಕೂ ಮೊದಲ ಅಕ್ಷರ ಒಂದೇ ಆಗಿರುವುದನ್ನು ಕಂಡು, ಎರಡೂ ಒಂದೇ ಧಾತುವಿನವೆಂದು ಯಾರಾದರೂ ಭಾವಿಸಬಹುದು. ಅದು ಸರಿಯಲ್ಲ. ಸಂಸ್ಕೃತದ ವಿಜಯದಲ್ಲಿ 'ವಿ' ಎಂಬುದು ಉಪಸರ್ಗ, 'ಜಿ' ಎಂಬುದು ಧಾತು. ಲ್ಯಾಟಿನ್ನಿನಲ್ಲಾದರೋ 'ವಿಕ್' ಎಂಬುದೇ ಧಾತುವಿನ ಅಂಗ. ಅರ್ಥದಲ್ಲಿ ಇವು ಅಕ್ಕತಂಗಿಯರು, ಹುಟ್ಟಿನಲ್ಲಿ ಬೇರೆ ಬೇರೆ ಮನೆಯವರು.

ರೋಮನರಿಗೆ ವಿಕ್ಟೋರಿಯಾ ಕೇವಲ ಶಬ್ದವಾಗಿರಲಿಲ್ಲ, ದೇವತೆಯಾಗಿದ್ದಳು. ಗ್ರೀಕರು 'ನೈಕೆ' ಎಂದು ಪೂಜಿಸುತ್ತಿದ್ದ ರೆಕ್ಕೆಯುಳ್ಳ ಜಯದೇವತೆಯೇ ರೋಮಿನಲ್ಲಿ ಈ ಹೆಸರು ತಳೆದಳು. ಕ್ರಿಸ್ತಪೂರ್ವ 29ರಲ್ಲಿ ಆಗಸ್ಟಸನು ರೋಮಿನ ಹಿರಿಯರ ಸಭಾಮಂದಿರದಲ್ಲಿ ಅವಳ ವಿಗ್ರಹವನ್ನೂ ಪೀಠವನ್ನೂ ಸ್ಥಾಪಿಸಿದನು. ಸಭಾಸದರು ಅಲ್ಲಿ ಧೂಪ ಹಾಕುವುದು ವಾಡಿಕೆಯಾಯಿತು. ಕ್ರೈಸ್ತಮತ ಪ್ರಬಲವಾದ ಮೇಲೆ, ಕ್ರಿ. ಶ. 382ರಲ್ಲಿ ಗ್ರೇಷಿಯನ್ ಚಕ್ರವರ್ತಿ ಆ ಪೀಠವನ್ನು ತೆಗೆಸಿದನು. ಎರಡು ವರ್ಷಗಳ ತರುವಾಯ ಸಿಮ್ಮಾಕಸ್ ಎಂಬ ಹಿರಿಯನು ಅದನ್ನು ಮರಳಿ ಇರಿಸಬೇಕೆಂದು ಮನವಿ ಮಾಡಿದನು, ಫಲಿಸಲಿಲ್ಲ. ರೋಮಿನ ಸಭಾಮಂದಿರದಿಂದ ಹೊರಬಿದ್ದ ಹೆಸರು ಸಾವಿರದ ಐನೂರು ವರ್ಷಗಳ ಮೇಲೆ ಕೊಯಮತ್ತೂರಿನ ಸಭಾಮಂದಿರವನ್ನು ಸೇರಿದ್ದು ಚರಿತ್ರೆಯ ವಿನೋದಗಳಲ್ಲೊಂದು.

ದೇವತೆ ಹೋದರೂ ಹೆಸರು ಹೋಗಲಿಲ್ಲ. ಕ್ರೈಸ್ತರು ಗೆಲವಿಗೆ ಹೊಸ ಅರ್ಥವನ್ನಿತ್ತರು: ಮರಣದ ಮೇಲೆ, ಪಾಪದ ಮೇಲೆ ಪಡೆದ ಜಯ. ವಿಕ್ಟರ್ ಎಂಬ ಆಫ್ರಿಕದವನೊಬ್ಬನು ಎರಡನೆಯ ಶತಮಾನದ ಕೊನೆಯಲ್ಲಿ ರೋಮಿನ ಧರ್ಮಪೀಠವನ್ನೇರಿದನು. ಮತಕ್ಕಾಗಿ ಪ್ರಾಣವಿತ್ತ ಸ್ತ್ರೀಯರಲ್ಲಿಯೂ ವಿಕ್ಟೋರಿಯಾ ಎಂಬವರಿದ್ದರು. ಇಟಲಿಯಲ್ಲಿ 'ವಿತ್ತೋರಿಯಾ', ಫ್ರಾನ್ಸಿನಲ್ಲಿ 'ವಿಕ್ತ್ವಾರ್' ಎಂದು ಹೆಸರು ಬಾಳಿತು. ಇಂಗ್ಲೆಂಡಿನಲ್ಲಿ ಮಾತ್ರ ಹತ್ತೊಂಬತ್ತನೆಯ ಶತಮಾನದ ತನಕ ಅದು ಬಲು ವಿರಳ. ಇಂದು ಇಂಗ್ಲಿಷರ ಹೆಸರೆಂದೇ ನಾವು ತಿಳಿದಿರುವುದು ಇಂಗ್ಲಿಷರಿಗೇ ಅಪರಿಚಿತವಾಗಿತ್ತು!

ಅದು ಅವರ ಅರಮನೆಯನ್ನು ಹೊಕ್ಕ ಬಗೆಯೂ ಕೌತುಕಕರವಾದುದೇ. 1819ರ ಮೇ 24ರಂದು ಕೆಂಟಿನ ಡ್ಯೂಕನಿಗೆ ಮಗಳು ಹುಟ್ಟಿದಳು. ತಾಯಿ ಜರ್ಮನ್ ರಾಜಕುಮಾರಿ. ಅವಳ ಹೆಸರುಗಳಲ್ಲಿ ವಿಕ್ತ್ವಾರ್ ಎಂಬುದೊಂದು. ಜೂನ್ 24ರಂದು ನಾಮಕರಣ. ತಂದೆತಾಯಿಗಳು ಜಾರ್ಜಿಯಾನ, ಷಾರ್ಲೆಟ್, ಆಗಸ್ಟ ಮುಂತಾದ ರಾಜವಂಶದ ಹೆಸರುಗಳನ್ನು ಬಯಸಿದ್ದರು. ರಾಜಪ್ರತಿನಿಧಿಯಾಗಿದ್ದ ದೊಡ್ಡಪ್ಪ ಅವುಗಳನ್ನು ಒಪ್ಪಲಿಲ್ಲ. ಜ್ಞಾನಪಿತನಾದ ರಷ್ಯದ ಚಕ್ರವರ್ತಿ ಅಲೆಕ್ಸಾಂಡರನ ಹೆಸರಿನಿಂದ ಅಲೆಕ್ಸಾಂಡ್ರಿನ ಎಂದೂ, ಅದರ ಹಿಂದೆ ತಾಯಿಯ ಹೆಸರಿನಿಂದ ವಿಕ್ಟೋರಿಯಾ ಎಂದೂ ಇಡಲಾಯಿತು. ಕೂಸಿಗೆ ದೊರೆತುದು ಒಂದು ರಷ್ಯದ ನೆನಪು, ಒಂದು ಜರ್ಮನ್ ನೆನಪು, ಇಂಗ್ಲೆಂಡಿನದೊಂದೂ ಇಲ್ಲ. ಮನೆಯಲ್ಲಿ ಅವಳನ್ನು 'ಡ್ರಿನ' ಎಂದು ಕರೆಯುತ್ತಿದ್ದರು.

ಈ ಹುಡುಗಿಯೇ ಸಿಂಹಾಸನಕ್ಕೆ ವಾರಸುದಾರಳೆಂದು ಖಚಿತವಾದಾಗ ದೊಡ್ಡವರಿಗೆ ಚಿಂತೆ ಹತ್ತಿತು. ಹೆಸರು ಪರಕೀಯವಾಯಿತು, ನಮ್ಮ ಅರಸರಲ್ಲಿ ಯಾರೂ ಹೊತ್ತುದಲ್ಲ ಎಂಬ ಆಕ್ಷೇಪಣೆ ಎದ್ದಿತು. 1831ರಲ್ಲಿ ನಾಲ್ಕನೆಯ ವಿಲಿಯಂ ದೊರೆ ಅದನ್ನು ಬದಲಿಸಬೇಕೆಂದನು. ಷಾರ್ಲೆಟ್ ಎಂದಿಡಬೇಕೆಂದು ಕೆಲವರು, ಎಲಿಜಬೆತ್ ಎಂದಿಡಬೇಕೆಂದು ಕೆಲವರು. ಪಾರ್ಲಿಮೆಂಟಿನಲ್ಲೂ ಮಾತು ಬಂತು. ಕೊನೆಗೆ ತಾಯಿ ಒಪ್ಪಲಿಲ್ಲ. 1837ರ ಜೂನ್ 20ರಂದು ಹದಿನೆಂಟರ ತರುಣಿ ಪಟ್ಟಕ್ಕೆ ಬಂದಳು. ಮೊದಲ ದಿನದ ಘೋಷಣಾಪತ್ರಗಳಲ್ಲಿ ಎರಡು ಹೆಸರುಗಳೂ ಇದ್ದುವು. ಅವಳ ಇಚ್ಛೆಯಂತೆ ಮೊದಲನೆಯದನ್ನು ಕೈಬಿಡಲಾಯಿತು. ಜನ ಒಲ್ಲೆನೆಂದ ಹೆಸರನ್ನೇ ಅವಳು ಉಳಿಸಿಕೊಂಡಳು. ಅಷ್ಟೇ ಅಲ್ಲ, ಒಂದು ಯುಗವೇ ಆ ಹೆಸರಿನಿಂದ ಕರೆಸಿಕೊಂಡಿತು.

ಮುಂದೆ ಆ ಹೆಸರು ಹಡಗನ್ನೇರಿ ಲೋಕವನ್ನು ಸುತ್ತಿತು. 1851ರಲ್ಲಿ ಆಸ್ಟ್ರೇಲಿಯದ ಒಂದು ಪ್ರಾಂತಕ್ಕೆ, 1855ರಲ್ಲಿ ಆಫ್ರಿಕದ ಮಹಾಜಲಪಾತಕ್ಕೆ, 1858ರಲ್ಲಿ ಅದೇ ಖಂಡದ ಮಹಾಸರೋವರಕ್ಕೆ ಅದನ್ನಿಟ್ಟರು. ಬೆಂಗಳೂರಿನ ವಿಕ್ಟೋರಿಯಾ ಆಸ್ಪತ್ರೆ 1900ರಲ್ಲಿ ತೆರೆಯಿತು. 1906ರಲ್ಲಿ ಕಬ್ಬನ್ ಉದ್ಯಾನದ ಅಂಚಿನಲ್ಲಿ ರಾಣಿಯ ಪ್ರತಿಮೆ ನಿಂತಿತು. ಇಷ್ಟಾದರೂ ಇಂಗ್ಲೆಂಡಿನ ಸಾಮಾನ್ಯರು ತಮ್ಮ ಹೆಣ್ಣುಮಕ್ಕಳಿಗೆ ಈ ಹೆಸರನ್ನು ಧಾರಾಳವಾಗಿ ಇಡತೊಡಗಿದ್ದು ಅವಳ ಆಳ್ವಿಕೆ ಮುಗಿದು ಬಹುಕಾಲವಾದ ಮೇಲೆ, ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ.

ಗೆಲವು ಎಂದರೆ ಯಾರ ಗೆಲವು? ಈ ಪ್ರಶ್ನೆಯನ್ನು ನಾವು ತಪ್ಪಿಸುವಂತಿಲ್ಲ. 1877ರ ಜನವರಿ 1ರಂದು ದೆಹಲಿಯ ದರ್ಬಾರಿನಲ್ಲಿ ವಿಕ್ಟೋರಿಯಾ ಭಾರತದ ಚಕ್ರವರ್ತಿನಿಯೆಂಬ ಘೋಷಣೆಯಾಯಿತು. ಅದೇ ಹೊತ್ತಿನಲ್ಲಿ ಮೈಸೂರು ಸೀಮೆಯೂ ಕೊಯಮತ್ತೂರು ಜಿಲ್ಲೆಯೂ ಘೋರ ಕ್ಷಾಮದಲ್ಲಿ ಬೇಯುತ್ತಿದ್ದುವು. ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೂ ಗತಿಯಿಲ್ಲ ಎಂಬ ನಮ್ಮ ಗಾದೆ ಅಂದಿನ ಸಾಮ್ರಾಜ್ಯಕ್ಕೆ ಒಪ್ಪುವಂಥದು. ಅಧಿಕಾರಿಗಳು ರಾಣಿಗೆ ಹೊಸ ಬಿರುದನ್ನಿತ್ತರು; ಜನರು ಕ್ಷಾಮಕ್ಕೆ ಹೆಸರನ್ನಿತ್ತರು. ಕನ್ನಡಿಗರು ಅದನ್ನು ಧಾತು ಈಶ್ವರ ಸಂವತ್ಸರಗಳ ಬರವೆಂದರು, ತಮಿಳರು ಧಾತು ವರ್ಷದ ಪಂಜವೆಂದರು. ಬಿರುದು ಪುಸ್ತಕಗಳಲ್ಲಿ ಉಳಿಯಿತು. ಬರದ ಹೆಸರು ಹಿರಿಯರ ಬಾಯಲ್ಲಿ ಉಳಿಯಿತು.

ಇನ್ನು ಪುರಭವನದ ನೆರೆಗೆ ಬರೋಣ. ರಾಜಬೀದಿಯಲ್ಲಿ ದೇವಾಂಗರ ಕುಲದೇವತೆಯಾದ ಚೌಡೇಶ್ವರಿಯ ಗುಡಿಯಿದೆ. ಈ ಎರಡು ಜಿಲ್ಲೆಗಳ ದೇವಾಂಗರು ತಲೆಮಾರುಗಳಿಂದ ಮಗ್ಗದ ಬಾಳನ್ನು ನಡೆಸುತ್ತ, ಮನೆಯಲ್ಲಿ ಕನ್ನಡವನ್ನೂ ಬೀದಿಯಲ್ಲಿ ತಮಿಳನ್ನೂ ಆಡುತ್ತ ಬಂದವರು. ಲೋಕಕ್ಕೆ ಬಟ್ಟೆಯನ್ನು ತಂದ ದೇವಲ ಮಹರ್ಷಿಯನ್ನು ದೈತ್ಯರು ಅಡ್ಡಗಟ್ಟಿದಾಗ, ಈ ತಾಯಿ ಸಿಂಹವಾಹಿನಿಯಾಗಿ ಬಂದು ಅವರನ್ನು ಕೊಂದಳೆಂಬುದು ಅವರ ಪುರಾಣ. ವಿಜಯದಶಮಿಯಂದು ಯುವಕರು ಕತ್ತಿ ಹಿಡಿದು ಅಲಗುಸೇವೆ ಮಾಡುತ್ತ ಅವಳನ್ನು ಕರೆತರುತ್ತಾರೆ. ಒಂದೇ ಪೇಟೆಯಲ್ಲಿ ಇಬ್ಬರು ಜಯದೇವತೆಯರು! ಒಬ್ಬಳ ಹೆಸರನ್ನು ಭವನಕ್ಕೆ ಇಟ್ಟರು; ಇನ್ನೊಬ್ಬಳ ಹೆಸರನ್ನು ಮನೆಮನೆಯ ಮಗಳಿಗೆ ಇಟ್ಟರು.

ಆದರೆ ಈಗ ಆ ಮನೆಮನೆಯ ಹೆಸರಿನ ಗತಿಯೇನು? ತಮಿಳಿನ ಬರಹದಲ್ಲಿ ಚೌಡೇಶ್ವರಿ ಸೌಡೇಶ್ವರಿಯಾಗುತ್ತಾಳೆ, ಭಾಗ್ಯ ಪಾಕ್ಯವಾಗುತ್ತಾಳೆ. ಇದರಲ್ಲಿ ದೋಷವಿಲ್ಲ, ವಿಕ್ತ್ವಾರ್ ವಿಕ್ಟೋರಿಯಾ ಆದಂತೆಯೇ ಇದು. ಭಾಷೆಯಿಂದ ಭಾಷೆಗೆ ಹೋಗುವ ಹೆಸರು ಅಲ್ಲಿನ ಉಡುಪನ್ನು ತೊಡುವುದು ಸಹಜ. ವ್ಯಸನದ ಸಂಗತಿ ಬೇರೆಯಿದೆ. ಚೌಡಮ್ಮ ಎಂಬ ಅಜ್ಜಿಯ ಹೆಸರು ಹೊತ್ತ ಮಗು ಶಾಲೆಯಲ್ಲಿ ಹಾಜರಿ ಕೂಗುವಾಗ ತಲೆತಗ್ಗಿಸುತ್ತದೆ. ಹೆಸರು ಹಳೆಯದು, ಬೇರೆಯವರದು ಎಂದು ಜೊತೆಯವರು ನಗುತ್ತಾರೆ. ಉಪಾಧ್ಯಾಯ ವೃತ್ತಿಯಲ್ಲಿರುವ ನಾವು ಇದನ್ನು ವರ್ಷವರ್ಷವೂ ನೋಡುತ್ತೇವೆ. ತಂದೆತಾಯಿಗಳೂ ನಾಚಿ, ಅರ್ಥವೇ ತಿಳಿಯದ ಹೊಸ ಹೆಸರುಗಳನ್ನು ಹುಡುಕುತ್ತಾರೆ.

ಅಂಥವರಿಗೆ ವಿಕ್ಟೋರಿಯಾಳ ಕಥೆ ಹೇಳತಕ್ಕದ್ದು. ಜಗತ್ತಿನ ಅತಿ ದೊಡ್ಡ ಸಾಮ್ರಾಜ್ಯದ ಉತ್ತರಾಧಿಕಾರಿಣಿಯ ಹೆಸರನ್ನೂ ಪರಕೀಯವೆಂದು ಹೀಗಳೆದ ಕಾಲವೊಂದಿತ್ತು. ಇಂದು ಅದಕ್ಕಿಂತ ಇಂಗ್ಲಿಷಾದ ಹೆಸರೇ ಇಲ್ಲವೆಂದು ತೋರುತ್ತದೆ. ಹೆಸರು ಸ್ವಂತದ್ದಾಗುವುದು ಅದು ಹುಟ್ಟಿದ ನಾಡಿನಿಂದಲ್ಲ, ಹೊತ್ತವರು ತಲೆಯೆತ್ತಿ ಹೊರುವುದರಿಂದ. ಹೊಸ ಹೆಸರನ್ನಿಡುವವರು ಇಡಲಿ, ಅದನ್ನು ನಾವು ನಿಂದಿಸುವುದಿಲ್ಲ. ಆದರೆ ಹಳೆಯದನ್ನು ನಾಚಿಕೆಯಿಂದ ಬಿಡಬಾರದು. ಪ್ರತಿ ಮನೆಯಲ್ಲೂ ಮಗುವಿಗೆ ಅದರ ಹೆಸರಿನ ಅರ್ಥವನ್ನು, ಅದು ಯಾವ ಅಜ್ಜಿಯದು, ಯಾವ ದೇವತೆಯದು ಎಂಬುದನ್ನು ಹೇಳಿಕೊಡಲಿ. ಹಾಜರಿ ಕೂಗಿದಾಗ ಆ ಮಗು ತಲೆಯೆತ್ತಿ ಉತ್ತರಿಸಿದರೆ ಅದೇ ನಿಜವಾದ ವಿಜಯ.